ಮೊದಲ ಚೊಂಬು ಪಾದಕ್ಕೆ

ನಮ್ಮ ಮನೆಯ ಗೀಸರನ್ನು ನಾನು ಮೂರು ಸಲ ಬಿಚ್ಚಿದ್ದೇನೆ. ಮೂರು ಸಲವೂ ಅದರಲ್ಲಿ ಒಂದೊಂದು ದೋಷ ಸಿಕ್ಕಿತು. ನನ್ನನ್ನು ಕೆಡಿಸಿದ್ದೇ ಅದು. ಒಂದು ಸಲವಾದರೂ ಎಲ್ಲ ಸರಿಯಾಗಿಯೇ ಇದೆ ಎಂದು ಕಂಡಿದ್ದರೆ, ಬೇರೆ ಕಡೆ ಕಣ್ಣು ಹಾಯಿಸುತ್ತಿದ್ದೆನೋ ಏನೋ.

ಮದ್ದೂರು ತಾಲ್ಲೂಕಿನ ಕೊಪ್ಪದ ಹತ್ತಿರ ಒಂದು ಹಳ್ಳಿ ನಮ್ಮದು. ಏಳನೇ ಕ್ಲಾಸಿಗೆ ಶಾಲೆ ಬಿಟ್ಟೆ. ಮದ್ದೂರಿನಲ್ಲಿ ಸುಟ್ಟ ಮೋಟಾರಿಗೆ ತಂತಿ ಸುತ್ತುವ ಒಬ್ಬ ಸಾಬರ ಅಂಗಡಿ ಸೇರಿ ಕರೆಂಟು ಕೆಲಸ ಕಲಿತೆ. ಓದಿದವರ ಮುಂದೆ ನಾನು ಯಾವತ್ತೂ ತಲೆ ತಗ್ಗಿಸಿದವನಲ್ಲ. ವಿ.ಸಿ. ಫಾರಂ ಕೃಷಿ ಕಾಲೇಜಿನ ಕ್ವಾರ್ಟರ್ಸಿನಲ್ಲಿ ದೊಡ್ಡ ದೊಡ್ಡ ಓದು ಓದಿದವರ ಮನೆಗೆ ಹೋಗಿ, ಅವರು ಗೀಸರಿನ ಜೊತೆ ಬಂದ ಪುಸ್ತಕ ಹುಡುಕಿ ತೆಗೆಯುವಷ್ಟರಲ್ಲಿ ದೋಷ ಹಿಡಿದು, ಸ್ಕ್ರೂ ಬಿಗಿದು ಎದ್ದು ಬಂದಿದ್ದೇನೆ. ನಮ್ಮ ಸಾಬರು ಒಂದು ಮಾತು ಹೇಳುತ್ತಿದ್ದರು: “ಮಾಡಿದ ಕೆಲ್ಸ ತಿರುಗಿ ಬರಬಾರ್ದು ಕಣಪ್ಪ. ಬಂದ್ರೆ ಗಿರಾಕಿನ ಬೈಬೇಡ, ನಿನ್ ಕೈ ನೋಡ್ಕೊ.” ಆ ಮಾತನ್ನು ನಾನು ದೇವರ ಮಾತಿನ ಹಾಗೆ ಇಟ್ಟುಕೊಂಡಿದ್ದೆ. ನೀರು ಬಿಸಿಯಿಲ್ಲ ಎಂದು ಯಾರಾದರೂ ಹೇಳಿದರೆ ನೀರು ಬಿಸಿಯಿಲ್ಲ, ಅಷ್ಟೇ. ದೋಷ ಡಬ್ಬಿಯೊಳಗೆ ಇರಬೇಕು. ಅದನ್ನು ಹುಡುಕುವುದು ನನ್ನ ಕೆಲಸ.

ನನ್ನ ಹೆಂಡತಿಗೆ ಗೀಸರು ಬೇಕಿರಲಿಲ್ಲ. ಬಚ್ಚಲಲ್ಲಿ ತಾಮ್ರದ ಹಂಡೆಯಿತ್ತು. ಕಬ್ಬಿನ ತರಗು, ತೆಂಗಿನ ಗರಿ ತುರುಕಿ ಬೆಂಕಿ ಹಚ್ಚಿದರೆ ಅವಳ ನೀರು ಕಾಯುತ್ತಿತ್ತು. ಊರಿನ ಅರ್ಧ ಮನೆಗಳಿಗೆ ಗೀಸರು ಕೂಡಿಸಿದವನ ಮನೆಯ ಗೋಡೆ ಹೊಗೆಯಿಂದ ಕಪ್ಪಾಗಿರುವುದು ನನಗೆ ಅವಮಾನವೆನಿಸಿತು. ಮಗಳನ್ನು ಮಳವಳ್ಳಿಗೆ ಮದುವೆ ಮಾಡಿಕೊಟ್ಟ ವರ್ಷ ಹಂಡೆ ಎತ್ತಿ ಹಿತ್ತಲಿಗೆ ಹಾಕಿ, ಗೀಸರು ತಂದು ಕೂಡಿಸಿದೆ.

“ಈಗ ಬೆಂಕಿ ಮುಂದೆ ಕೂರಂಗಿಲ್ಲ ಕಣಮ್ಮಿ. ಸುಚ್ಚು ಒತ್ತು, ನೀರು ಉಯ್ಕೊ,” ಎಂದೆ.

“ಉಯ್ಕೊತೀನಿ ಬುಡಿ. ಬೆಳಗ್ಗೆ ಬೆಂಕಿ ಕಾಯಿಸ್ಕೊಳಕ್ಕೆ ಪಕ್ಕದ್ಮನೆಗೆ ಓಯ್ತೀನಿ,” ಎಂದಳು. ಅವಳ ಮಾತೇ ಹಾಗೆ.

ನಮ್ಮ ಮನೆಯ ಸ್ನಾನದ ಕ್ರಮವನ್ನು ಇಲ್ಲಿ ಹೇಳಬೇಕು, ಇಲ್ಲದಿದ್ದರೆ ಮುಂದಿನದು ತಿಳಿಯುವುದಿಲ್ಲ. ನನಗೆ ನೀರು ತೋಡಿ, ಹದ ಮಾಡಿ, ಬಕೆಟ್ಟಿನಲ್ಲಿ ಇಡುತ್ತಿದ್ದವಳು ಅವಳು. ಅವಳ ಸ್ನಾನ ಕಡೆಗೆ, ನಾನು ಗಾಡಿ ಹತ್ತಿ ಕೆಲಸಕ್ಕೆ ಹೋದ ಮೇಲೆ. ಒಲೆ ಮುಂದಿನ ಕೈಗೆ ಬಿಸಿ ತಿಳಿಯುವುದಿಲ್ಲ ಎಂದು ಅವಳು ನೀರಿನ ಹದವನ್ನು ಕೈಯಲ್ಲಿ ನೋಡುತ್ತಿರಲಿಲ್ಲ, ಪಾದದ ಮೇಲೆ ಸುರಿದುಕೊಂಡು ನೋಡುತ್ತಿದ್ದಳು. ಅವಳ ಅವ್ವ ಕಲಿಸಿದ್ದು ಅದು. ಮೊದಲ ಚೊಂಬು ಪಾದಕ್ಕೆ. ಪಾದಕ್ಕೆ ಬಿಸಿ ತಾಗಿದ ಮೇಲೆಯೇ ಮೈಗೆ. ಇಲ್ಲದಿದ್ದರೆ ಶೀತ ತಲೆಗೇರುತ್ತದೆ ಎಂಬ ನಂಬಿಕೆ. ಮಗಳಿಗೂ ಹಾಗೆಯೇ ಹಾಕುತ್ತಿದ್ದಳು. ನನಗೂ ಹೇಳುತ್ತಿದ್ದಳು. ನಾನು ತಲೆಯಿಂದಲೇ ಸುರಿದುಕೊಂಡು ಎದ್ದು ಬರುತ್ತಿದ್ದೆ.

ಮೊದಲ ದೂರು ಬಿಸಿಯದಲ್ಲ. ಒಂದು ದಿನ ರೊಟ್ಟಿ ತಟ್ಟುತ್ತಾ, “ಅಲ್ಲಾ ಕಣೀ, ಬಚ್ಚಲಲ್ಲಿ ನಿಂತ್ರೆ ಕಾಲು ಜುಮ್ಮಂತದೆ,” ಎಂದಳು.

ಕರೆಂಟು ಕೆಲಸದವನಿಗೆ ಬಚ್ಚಲು, ಗೀಸರು, ಜುಮ್ ಎಂಬ ಮೂರು ಮಾತು ಒಟ್ಟಿಗೆ ಕೇಳಿದರೆ ಬೇರೆ ಯೋಚನೆ ಬರುವುದಿಲ್ಲ. ಎಲ್ಲೋ ಕರೆಂಟು ಸೋರುತ್ತಿದೆ. ತಟ್ಟೆ ಬಿಟ್ಟು ಎದ್ದೆ. ಮೇನ್ ಆಫ್ ಮಾಡಿ ಗೀಸರು ಬಿಚ್ಚಿದೆ. ಸೋರಿದ ಕರೆಂಟನ್ನು ನೆಲಕ್ಕಿಳಿಸುವ ಅರ್ಥಿಂಗ್ ವೈರು ತುದಿಯಲ್ಲಿ ತುಕ್ಕು ಹಿಡಿದು ಕೂದಲಿನಷ್ಟು ಉಳಿದಿತ್ತು. ಸಿಕ್ಕಿಬಿಟ್ಟಿತಲ್ಲ! ಅವತ್ತೇ ಹಿತ್ತಲಲ್ಲಿ ಗುಂಡಿ ತೋಡಿ, ಇದ್ದಿಲು, ಉಪ್ಪು ತುಂಬಿ, ಹೊಸ ಅರ್ಥಿಂಗ್ ಕೊಟ್ಟೆ. ನನ್ನ ಮನೆಯಲ್ಲೇ ಹೀಗಾಯಿತಲ್ಲ ಎಂದು ನಾಚಿಕೆಯಾಗಿ ಯಾರಿಗೂ ಹೇಳಲಿಲ್ಲ.

“ಈಗ?” ಎಂದು ಮಾರನೇ ದಿನ ಕೇಳಿದೆ.

“ಇನ್ನೂ ವಸಿ ಅದೆ.”

ಮತ್ತೆ ಟೆಸ್ಟರ್ ಹಿಡಿದು ನಲ್ಲಿ, ಗೋಡೆ, ನೆಲ ಎಲ್ಲ ಮುಟ್ಟಿ ನೋಡಿದೆ. ಏನೂ ಇಲ್ಲ. ಅರ್ಥಿಂಗ್ ಗುಂಡಿಗೆ ದಿನಾ ಎರಡು ಕೊಡ ನೀರು ಹಾಕು ಎಂದೆ. ಹಾಕಿದಳು. ಕೆಲವು ತಿಂಗಳು ಕಳೆದ ಮೇಲೆ ಅವಳೇ ಒಂದು ದಿನ, “ಈಗ ಜುಮ್ಮನ್ನಲ್ಲ ಕಣೀ, ನಿಂತೋಯ್ತು,” ಎಂದಳು.

“ಮತ್ತೆ! ಗುಂಡಿ ತೋಡಿದ್ದು ಯಾರು?” ಎಂದು ಮೀಸೆ ತಿರುವಿದೆ.

ಆ ಜುಮ್ ನಿಂತದ್ದು ಯಾಕೆಂದು ಆಮೇಲೆ ಆಸ್ಪತ್ರೆಯಲ್ಲಿ ತಿಳಿಯಿತು.

ಅದೇ ಕಾಲದಲ್ಲಿ ಒಮ್ಮೆ ಅವಳು ಗದ್ದೆಯಿಂದ ಹುಲ್ಲಿನ ಹೊರೆ ಹೊತ್ತು ಬಂದಾಗ ಒಂದೇ ಕಾಲಲ್ಲಿ ಚಪ್ಪಲಿ ಇತ್ತು. ಇನ್ನೊಂದು ಬದುವಿನ ಮೇಲೆಲ್ಲೋ ಕಳಚಿ ಬಿದ್ದಿತ್ತು, ಅವಳಿಗೆ ಗೊತ್ತೇ ಆಗಿರಲಿಲ್ಲ. “ಏನಮ್ಮೀ, ನಾಳೆ ಸೀರೆ ಬುಟ್ಬುಟ್ಟು ಬಂದೀಯೆ,” ಎಂದು ನಾನು ನಕ್ಕೆ. ಅವಳೂ ಹೊರೆ ಇಳಿಸಿ ನಕ್ಕಳು. ಮಗಳಿಗೆ ಫೋನು ಮಾಡಿ ಹೇಳಿ ಮೂವರೂ ನಕ್ಕೆವು.

ಎರಡನೇ ದೂರು ಚಳಿ ಶುರುವಾದಾಗ ಬಂತು. “ನೀರು ಉಗುರು ಬೆಚ್ಚಗೂ ಇಲ್ಲ ಕಣೀ. ಕಾಲು ಕೊರೀತದೆ.”

ಬಿಚ್ಚಿದೆ. ನಮ್ಮ ಕಡೆಯ ಬೋರು ನೀರು ಗಡುಸು. ಒಳಗೆ ನೀರು ಕಾಯಿಸುವ ಕಾಯಿಲಿನ ಮೇಲೆ ಸುಣ್ಣ ಬಳಿದ ಹಾಗೆ ಬಿಳಿ ಪೊರೆ ಕಟ್ಟಿತ್ತು. ಹಾಗೆ ಕಟ್ಟಿದರೆ ಕಾವು ನೀರಿಗೆ ಸರಿಯಾಗಿ ಇಳಿಯುವುದಿಲ್ಲ. ಮದ್ದೂರಿನಿಂದ ಹೊಸ ಕಾಯಿಲ್ ತಂದು ಹಾಕಿದೆ. ಎರಡು ದಿನ ಸುಮ್ಮನಿದ್ದಳು. ಮೂರನೇ ದಿನ ಮತ್ತೆ ಅದೇ ಮಾತು.

ಆಗ ವೋಲ್ಟೇಜು ನೋಡಿದೆ. ನಮ್ಮ ಬೀದಿಯ ಟ್ರಾನ್ಸ್‌ಫಾರ್ಮರಿನ ಮೇಲೆಯೇ ಒಂದು ಆಲೆಮನೆ, ಒಂದು ಹಿಟ್ಟಿನ ಗಿರಣಿ. ಬೆಳಗ್ಗೆ ಕಬ್ಬು ಅರೆಯಲು ಶುರುಮಾಡಿದರೆ ನಮ್ಮ ಮನೆಯ ಬಲ್ಬು ಕೆಂಪಗಾಗುತ್ತಿತ್ತು. ಗೀಸರಿನ ಪಾಯಿಂಟಿನಲ್ಲಿ ಮೀಟರ್ ಇಟ್ಟರೆ, ಇನ್ನೂರಾ ಮೂವತ್ತು ಇರಬೇಕಾದಲ್ಲಿ ನೂರಾ ಎಪ್ಪತ್ತು. ವೋಲ್ಟೇಜು ಒಂದು ಪಾಲು ಇಳಿದರೆ ಗೀಸರಿನ ಕಾವು ಎರಡು ಪಾಲು ಇಳಿದ ಹಾಗೆ. ಇದೇ ಇರಬೇಕು ಎಂದುಕೊಂಡೆ. ನನ್ನ ಗೆಳೆಯ ಒಬ್ಬ ಲೈನ್‌ಮ್ಯಾನ್ ಇದ್ದಾನೆ. ನಮ್ಮ ಮನೆಯ ಲೈನನ್ನು ಬೇರೆ ಫೇಸಿಗೆ ಹಾಕಿಕೊಡು ಎಂದು ಹೋಗಿ ಕೇಳಿದೆ.

“ಲೇ, ನಿನ್ ಎಂಡ್ರು ನೀರ್ ಉಯ್ಕೊಳಕ್ಕೆ ನಾನ್ ಕಂಬ ಅತ್ಬೇಕೇನ್ಲಾ?” ಎಂದ.

“ಅತ್ಲಾ. ಇಳಿದ್ಮೇಲೆ ಮುದ್ದೆ ಸಾರು ಇಕ್ತಾಳೆ.”

“ಊರಿಗೆಲ್ಲ ಬಿಸ್ನೀರು ಕಾಯಿಸ್ಕೊಡೋನು, ಮನೆ ಎಂಗಸ್ಗೆ ತಣ್ಣೀರು. ಚೆನ್ನಾಗದೆ ಕಣ್ಲಾ ನಿನ್ ರಿಪೇರಿ!”

ತಮಾಷೆಗೆ ಅಂದದ್ದು. ಆದರೂ ಆ ಮಾತು ಮುಳ್ಳಿನ ಹಾಗೆ ನನ್ನೊಳಗೆ ಕೂತಿತು. ಕಂಬ ಹತ್ತಿ ಬದಲಾಯಿಸಿ ಕೊಟ್ಟ. ವೋಲ್ಟೇಜು ಏರಿತು. ಮುದ್ದೆ ಬಡಿಸುತ್ತಾ ಅವಳು ಇಬ್ಬರ ಮುಖವನ್ನೂ ನೋಡಿ, “ಈಗ ಸರೋಯ್ತು ಬುಡಿ, ಬಿಸಿ ಬತ್ತದೆ,” ಎಂದಳು.

ನಿಜ ಏನಾಗುತ್ತಿತ್ತು ಎಂದು ಈಗ ಕೂತು ಲೆಕ್ಕ ಹಾಕಿದರೆ ಎಲ್ಲ ಹೊಂದಿಕೊಳ್ಳುತ್ತದೆ. ನಾನು ಹೋದ ಮೇಲೆ ಅವಳು ಮಣೆಯ ಮೇಲೆ ಕೂತು, ನಲ್ಲಿ ಬಿಟ್ಟು, ಮೊದಲ ಚೊಂಬು ಪಾದಕ್ಕೆ ಹಾಕಿಕೊಳ್ಳುತ್ತಿದ್ದಳು. ಬಿಸಿ ತಾಗುತ್ತಿರಲಿಲ್ಲ. ಇನ್ನೊಂದು ಚೊಂಬು, ಮತ್ತೊಂದು ಚೊಂಬು. ಪಾದ ಒಪ್ಪದೆ ಮೈಗೆ ಹಾಕುವಂತಿಲ್ಲ. ಹೀಗೆ ಡಬ್ಬಿಯ ಬಿಸಿಯೆಲ್ಲ ಪಾದದ ಮೇಲೆ ಹರಿದು ಮೋರಿ ಸೇರಿದ ಮೇಲೆ, ಮೈಗೆ ಹಾಕಿಕೊಳ್ಳಲು ತಣ್ಣೀರೇ ಉಳಿಯುತ್ತಿತ್ತು. ಅವಳು ಹೇಳಿದ್ದರಲ್ಲಿ ಒಂದು ಮಾತೂ ಸುಳ್ಳಿರಲಿಲ್ಲ.

ನನಗೂ ಒಂದು ಸುಳಿವು ಸಿಕ್ಕಿತ್ತು. ಅವಳು ಹದ ಮಾಡಿ ಇಡುವ ನೀರು ಆ ಚಳಿಗಾಲದಲ್ಲಿ ದಿನೇ ದಿನೇ ಸುಡತೊಡಗಿತ್ತು. ಒಂದು ಬೆಳಗ್ಗೆ ತಲೆಗೆ ಹಾಕಿಕೊಂಡು ಕುಣಿದಾಡಿಬಿಟ್ಟೆ. “ಏನಮ್ಮೀ, ಕೋಳಿ ಪುಕ್ಕ ಕೀಳಕ್ಕೆ ನೀರು ಇಟ್ಟಿದ್ದೀಯಾ?” ಎಂದು ಕೂಗಿದೆ.

ಅವಳು ಬಾಗಿಲಾಚೆಯಿಂದ, “ಕಾಲ್ಮೇಲೆ ಉಯ್ಕೊಂಡು ನೋಡೇ ಇಟ್ಟಿವ್ನಿ ಕಣೀ. ನಿಮ್ದು ಉಡುಗ್ರ ಮೈ, ತಡೆಯಲ್ಲ,” ಎಂದಳು.

ನಾನು ಏನು ಅಂದುಕೊಂಡೆ ಗೊತ್ತೆ? ನನ್ನ ಬಕೆಟ್ಟು ಮೊದಲನೆಯದು, ಅದಕ್ಕೇ ಇಷ್ಟು ಬಿಸಿ. ಅವಳದು ಕಡೆಯದು, ಅಷ್ಟರಲ್ಲಿ ಆರಿಹೋಗುತ್ತದೆ. ಹಾಗಾದರೆ ಇನ್ನೂ ಹೆಚ್ಚು ಕಾಯಬೇಕು. ನೀರು ಎಷ್ಟು ಕಾಯಬೇಕೆಂದು ಗೊತ್ತುಮಾಡುವ ಥರ್ಮೋಸ್ಟ್ಯಾಟನ್ನು ಅವತ್ತು ಸಂಜೆ ಕಡೆಯ ಗೀಟಿಗೆ ತಿರುಗಿಸಿದೆ.

ಆಮೇಲೆ ಗೀಸರು ತಾನೇ ತಾನಾಗಿ ಬಂದ್ ಆಗತೊಡಗಿತು. ಕೆಂಪು ದೀಪ ಆರಿಹೋಗುವುದು, ಪವರ್ ಬರದಿರುವುದು. ಒಳಗೆ ಕಟ್‌ಔಟ್ ಎಂದು ಒಂದು ಗುಂಡಿ ಇರುತ್ತದೆ. ನೀರು ಮಿತಿ ಮೀರಿ ಕಾದರೆ ಅದು ಜಿಗಿದು ಕರೆಂಟು ಕತ್ತರಿಸುತ್ತದೆ. ಒತ್ತಿದರೆ ಮತ್ತೆ ಕೂರುತ್ತದೆ. ನಾನು ಒತ್ತಿದೆ, ಅದು ಜಿಗಿಯಿತು. ಮತ್ತೆ ಒತ್ತಿದೆ, ಮತ್ತೆ ಜಿಗಿಯಿತು. ಥರ್ಮೋಸ್ಟ್ಯಾಟು ಕೆಟ್ಟು ಅಂಟಿಕೊಂಡಿತ್ತು. ಹೊಸದು ತಂದು ಹಾಕಬೇಕಿತ್ತು. ಬೇರೆಯವರ ಮನೆಯಾಗಿದ್ದರೆ ಅದನ್ನೇ ಮಾಡುತ್ತಿದ್ದೆ. ಆದರೆ ಅದು ನನ್ನ ಮನೆ, ಮದ್ದೂರಿನಲ್ಲಿ ಒಂದು ಛತ್ರದ ವೈರಿಂಗು ಹಿಡಿದಿದ್ದೆ, ಮದುವೆಗಳು ಹತ್ತಿರ ಬಂದಿದ್ದವು. ಬೆಳಗ್ಗೆ ಅವಳು, “ಇವತ್ತು ದೀಪಾನೂ ಇಲ್ಲ ಕಣೀ. ನಿಮ್ ಗೀಸರಿಗಿಂತ ನಮ್ ಅಂಡೇನೇ ವಾಸಿ,” ಎಂದಳು.

ಅಂಡೆ ವಾಸಿ! ಆ ಮಾತಿಗೆ ಸಿಟ್ಟು ನೆತ್ತಿಗೇರಿತು. ಮುಚ್ಚಳ ಬಿಚ್ಚಿ, ಒಂದು ತುಂಡು ವೈರಿನಿಂದ ಕಟ್‌ಔಟಿನ ಎರಡು ತುದಿಯನ್ನೂ ಸೇರಿಸಿಬಿಟ್ಟೆ. ಇನ್ನು ಅದು ಜಿಗಿದರೂ ಕರೆಂಟು ನಿಲ್ಲುವುದಿಲ್ಲ. ಯಾರದಾದರೂ ಮನೆಯಲ್ಲಿ ಹೀಗೆ ಮಾಡಿದ್ದನ್ನು ಕಂಡರೆ, ಮಾಡಿದವನ ವಂಶವನ್ನೇ ಬೈಯುತ್ತಿದ್ದವನು ನಾನು. ನಾಳೆ ಹೊಸ ಸಾಮಾನು ತರುತ್ತೇನೆ, ಇವತ್ತೊಂದು ದಿನ ನಡೆಯಲಿ ಎಂದುಕೊಂಡೆ. ಆ ನಾಳೆ ಎಂಟು ದಿನವಾಯಿತು. ಆ ಎಂಟು ದಿನವೂ ಕೋಳಿ ಕೂಗುವ ಮೊದಲೇ ಹೊರಟು ಛತ್ರದ ನಲ್ಲಿಯಲ್ಲೇ ಮೈ ತೊಳೆದುಕೊಳ್ಳುತ್ತಿದ್ದೆ.

ಕಟ್‌ಔಟ್ ಜಿಗಿಯುವುದು ನೀರು ಸುಡುವಾಗ ಮಾತ್ರ. ನೀರು ಬಿಸಿಯಿಲ್ಲ ಎಂದು ಅವಳು ಹೇಳುತ್ತಿದ್ದಳು, ನೀರು ಕುದಿಯುತ್ತಿದೆ ಎಂದು ಗೀಸರು ಹೇಳುತ್ತಿತ್ತು. ಎರಡನ್ನೂ ಒಟ್ಟಿಗೆ ಇಟ್ಟು ನೋಡುವಷ್ಟು ಬುದ್ಧಿ ನನಗಿತ್ತು. ಪುರುಸೊತ್ತು ಇರಲಿಲ್ಲ. ಗೀಸರಿನ ಬಾಯಿ ಕಟ್ಟಿ ಕೆಲಸಕ್ಕೆ ಹೊರಟೆ.

ಒಂಬತ್ತನೇ ದಿನ ಮಳವಳ್ಳಿಯಿಂದ ಮಗಳು ಬಂದಳು, ಅದಕ್ಕೆ ಅವತ್ತು ನಾನು ಕೆಲಸಕ್ಕೆ ಹೋಗಿರಲಿಲ್ಲ. ಬೆಳಗ್ಗೆ ಕಾಲು ತೊಳೆಯಲು ಬಚ್ಚಲಿಗೆ ಹೋದವಳು ಚೀರಿಕೊಂಡು ಹೊರಗೆ ಬಂದಳು. ಕೈ ಕೆಂಪಗಾಗಿತ್ತು. “ಅಪ್ಪ, ಏನಪ್ಪ ಇದು? ನೀರು ಕೊತಕೊತ ಕುದೀತದೆ!”

ನಾನು ಓಡಿ ಸ್ವಿಚ್ಚು ಆರಿಸಿದೆ. ಹಿಂದೆ ತಿರುಗಿದರೆ ಅಡಿಗೆ ಮನೆಯ ಬಾಗಿಲಲ್ಲಿ ನನ್ನ ಹೆಂಡತಿ ನಿಂತಿದ್ದಳು. “ಎಲ್ಲಮ್ಮಿ, ಈಗ ತಾನೆ ನಾನು ಉಯ್ಕೊಂಡ್ನಲ್ಲ. ಆವಿ ಬತ್ತದೆ, ಬಿಸಿ ಎಲ್ ಬತ್ತದೆ?” ಎಂದಳು.

ಮಗಳು ಅವ್ವನ ಮುಖ ನೋಡಲಿಲ್ಲ, ಕಾಲು ನೋಡಿದಳು. ಸೀರೆಯ ಅಂಚಿನ ಕೆಳಗೆ ಬಲಗಾಲಿಗೆ ಹಳೆಯ ಬಟ್ಟೆ ಸುತ್ತಿತ್ತು. “ಏನವ್ವ ಇದು?” ಎಂದು ಕೂತು ಬಿಚ್ಚಿದಳು. ಅರಿಶಿನ ಮೆತ್ತಿದ ಪಾದ. ಬೆರಳುಗಳ ಮೇಲಿನ ಚರ್ಮ ಸುಲಿದು, ಒಂದು ಕಡೆ ಕಪ್ಪಗಾಗಿತ್ತು. ವಾಸನೆ ಬಂತು.

“ನಾಕು ದಿನದಿಂದ ಬೊಬ್ಬೆ ಎದ್ದದೆ. ಚಪ್ಲಿ ಕಚ್ಚಿರ್ಬೇಕು. ನೋವಿಲ್ಲ ಕಣಮ್ಮಿ, ಗಾಬ್ರಿ ಬೀಳ್ಬೇಡ,” ಎಂದಳು. ನೋವಿಲ್ಲ ಎಂದು ಅವಳು ನಮಗೇ ಸಮಾಧಾನ ಹೇಳಿದಳು.

ಮಂಡ್ಯದ ಆಸ್ಪತ್ರೆಯಲ್ಲಿ ರಕ್ತ ನೋಡಿ, ಸಕ್ಕರೆ ಕಾಯಿಲೆ, ಬಹಳ ವರ್ಷದಿಂದ ಇದ್ದಿರಬೇಕು ಎಂದರು. ಡಾಕ್ಟರಮ್ಮ ಒಬ್ಬರು ನೈಲಾನ್ ದಾರದ ತುಂಡು ತೆಗೆದುಕೊಂಡು, “ಕಣ್ಣು ಮುಚ್ಚಿ, ಮುಟ್ಟಿದ್ದು ಗೊತ್ತಾದ್ರೆ ಹೇಳಿ,” ಎಂದು ಅಂಗಾಲಿಗೆ ಒತ್ತಿದರು. ಹೆಬ್ಬೆರಳಿಗೆ ಒತ್ತಿದರು, ಹಿಮ್ಮಡಿಗೆ ಒತ್ತಿದರು, ಚೆನ್ನಾಗಿದ್ದ ಎಡಗಾಲಿಗೂ ಒತ್ತಿದರು. ಅವಳು ಕಣ್ಣು ಮುಚ್ಚಿಕೊಂಡೇ ಸ್ವಲ್ಪ ಹೊತ್ತು ಕಾದು, “ಮುಟ್ಟಿ ಮತ್ತೆ, ಯಾಕೆ ಸುಮ್ಕೆ ಕುಂತಿದ್ದೀರಿ?” ಎಂದಳು.

ನನಗೆ ಯಾರೂ ಬಿಡಿಸಿ ಹೇಳಬೇಕಾಗಲಿಲ್ಲ. ಒಂದು ತುದಿಯಲ್ಲಿ ಕೊಟ್ಟದ್ದು ಇನ್ನೊಂದು ತುದಿಗೆ ಬರುತ್ತದೆಯೇ ಎಂದು ನೋಡುವುದನ್ನೇ ನಾನು ಮೂವತ್ತು ವರ್ಷ ಮಾಡಿದ್ದು. ಡಾಕ್ಟರಮ್ಮ ಹೇಳಿದರು, ಈ ಕಾಯಿಲೆಯಲ್ಲಿ ಮೊದಲು ಕಾಲು ಜುಮ್ಮೆನ್ನುತ್ತದೆ, ತಣ್ಣಗೆ ಕೊರೆಯುತ್ತದೆ, ಆಮೇಲೆ ಜುಮ್ ನಿಂತುಹೋಗುತ್ತದೆ, ಅಷ್ಟರಲ್ಲಿ ಸ್ಪರ್ಶವೂ ಹೋಗಿರುತ್ತದೆ ಎಂದು. “ನಿಮಗೆ ಏನೂ ಹೇಳಿರಲಿಲ್ವಾ ಇವ್ರು?” ಎಂದು ಕೇಳಿದರು. ಹೇಳಿದ್ದಳು. ಒಂದೂ ಬಿಡದೆ ಹೇಳಿದ್ದಳು. ಅವಳು ಹೇಳಿದ ಪ್ರತಿ ಸಲವೂ ನಾನು ಗೋಡೆಯ ಮೇಲಿನ ಡಬ್ಬಿಯನ್ನು ಬಿಚ್ಚಿದ್ದೆ.

ಮೊದಲು ಬೆರಳುಗಳನ್ನು ತೆಗೆದರು. ಆಮೇಲೆ ಪಾದವನ್ನು ತೆಗೆದರು. ಊರಿನವರು ಆಸ್ಪತ್ರೆಗೆ ನೋಡಲು ಬರುತ್ತಿದ್ದರು. ಮೊದಲ ದಿನವೇ ಪಕ್ಕದ ಮನೆಯವಳು, “ಎಂಗಾಯ್ತಕ್ಕ?” ಎಂದು ಕೇಳಿದಾಗ ನಾನು ಬಾಗಿಲಲ್ಲಿದ್ದೆ. ನನ್ನ ಹೆಂಡತಿ ನನ್ನ ಕಡೆ ನೋಡದೆ, “ಅನ್ನ ಬಸಿಯೋವಾಗ ಗಂಜಿ ಚೆಲ್ಬುಡ್ತು ಕಣವ್ವ. ನನ್ ಕೈಲೇ ನಾನ್ ಮಾಡ್ಕಂಡೆ,” ಎಂದಳು. ಪಕ್ಕದಲ್ಲಿ ಕೂತಿದ್ದ ಮಗಳು ತಲೆ ಬಗ್ಗಿಸಿದಳು. ಲೈನ್‌ಮ್ಯಾನ್ ಗೆಳೆಯ ಬಂದಾಗಲೂ ಅದನ್ನೇ ಹೇಳಿದಳು.

ಒಬ್ಬಳೇ ಇದ್ದಾಗ ಕೇಳಿದೆ. “ಯಾಕಮ್ಮೀ ಅಂಗಂದೆ?”

“ಗೀಸರು ರಿಪೇರಿಯೋನ ಎಂಡ್ರು ಗೀಸರಲ್ಲಿ ಬೆಂದ್ಲು ಅಂದ್ರೆ ನಿಮ್ಮುನ್ನ ಯಾರು ಕರೀತಾರೆ? ಸುಮ್ಕಿರಿ,” ಎಂದಳು. ಹೊದಿಕೆ ಎಳೆದುಕೊಳ್ಳುತ್ತಾ, “ವಯರು ಕಿತ್ತಾಕಿದ್ರಾ? ಮಗಳು ಅಲ್ಲೇ ನೀರು ಉಯ್ಕೊತಾಳೆ,” ಎಂದಳು.

ವೈರಿನ ವಿಷಯ ಅವಳಿಗೆ ಹೇಗೆ ಗೊತ್ತಾಯಿತೋ. ನಾನು ಹೇಳಿರಲಿಲ್ಲ. ನಾನು ಹಾಕುವಾಗ ಹಿಂದೆ ನಿಂತು ನೋಡಿದ್ದಳೋ ಏನೋ.

ಗಾಯದ ನಂಜು ಮೇಲಕ್ಕೆ ಏರಿತು. ಎರಡು ತಿಂಗಳು ಕಳೆಯುವ ಮೊದಲೇ ಅವಳು ಹೋದಳು. ಮಣ್ಣು ಮಾಡುವ ಮುಂಚೆ ಮೈ ತೊಳೆಯಲು ಯಾರೋ ಹೆಂಗಸರು ಹಿತ್ತಲಿನ ಹಂಡೆಯನ್ನು ತಂದು ಒಲೆಗಿಟ್ಟು ನೀರು ಕಾಯಿಸಿದರು. ಮಗಳು ಮೊದಲ ಚೊಂಬನ್ನು ಉಳಿದಿದ್ದ ಒಂದು ಪಾದಕ್ಕೆ ಹಾಕಿದಳು. ನಾನು ನೋಡಲಾರದೆ ಬೀದಿಗೆ ಬಂದೆ.

ಅವಳ ತಿಥಿ ಕಳೆದ ಮೇಲೆ ಕೆಲಸಕ್ಕೆ ಹೋಗತೊಡಗಿದೆ. ಊರಲ್ಲಿ ಎಲ್ಲರೂ ಗಂಜಿಯ ಮಾತನ್ನೇ ಆಡುತ್ತಿದ್ದರು, “ಪಾಪ, ಗಂಜಿಯಿಂದ ಓದ್ಲಲ್ಲ,” ಎಂದು. ನಾನು ಹೂಂ ಎನ್ನುತ್ತಿದ್ದೆ. ಹೂಂ ಎನ್ನುವುದು ಒಂದು ವರ್ಷಕ್ಕೂ ಮೇಲೆ ನಡೆಯಿತು.

ಈ ಚಳಿಗಾಲದಲ್ಲಿ ಬೆಸಗರಹಳ್ಳಿಯ ಒಂದು ಮನೆಯಿಂದ ಕರೆ ಬಂತು. ಗೀಸರಿಗೆ ಸರಿಯಾಗಿ ಪವರ್ ಬರುತ್ತಿಲ್ಲ, ನೀರು ಕಾಯುತ್ತಿಲ್ಲ ಎಂದರು. ಹೋದೆ. ದೀಪ ಉರಿಯುತ್ತಿತ್ತು, ವೋಲ್ಟೇಜು ಸರಿಯಿತ್ತು. ಸ್ಕ್ರೂಡ್ರೈವರ್ ತೆಗೆದವನು ಯಾಕೋ ತಡೆದು, “ನೀರು ತಣ್ಣಗದೆ ಅಂದೋರು ಯಾರು?” ಎಂದು ಮನೆಯ ಯಜಮಾನನನ್ನು ಕೇಳಿದೆ. ನಲವತ್ತು ವರ್ಷದವನು.

“ನಮ್ಮವ್ವ. ದಿನಾ ಬೆಳಗಾದ್ರೆ ಇದೇ ಗೋಳು.”

ಅವ್ವ ಜಗಲಿಯ ಮೇಲೆ ಅವರೆಕಾಯಿ ಸುಲಿಯುತ್ತಿದ್ದರು. ನಾನು ನಲ್ಲಿ ಬಿಟ್ಟು ನನ್ನ ಪಾದದ ಮೇಲೆ ಒಂದು ಚೊಂಬು ಹಾಕಿಕೊಂಡೆ. ಸುಟ್ಟಿತು. ಹೊರಗೆ ಬಂದು ಅವರ ಮುಂದೆ ಕುಕ್ಕರಗಾಲಲ್ಲಿ ಕೂತು, “ಅವ್ವ, ವಸಿ ಕಣ್ಮುಚ್ಕೊ,” ಎಂದೆ. ಟೆಸ್ಟರಿನ ಹಿಡಿಯಿಂದ ಅವರ ಕಾಲಿನ ಹೆಬ್ಬೆರಳನ್ನು ಒತ್ತಿದೆ.

“ಮುಚ್ಕಂಡೆ ಕಣಪ್ಪ. ಮುಂದೆ?” ಎಂದರು. ಒತ್ತಿಯೇ ಇದ್ದೆ.

ಚೀಲಕ್ಕೆ ಸಾಮಾನು ತುಂಬಿದೆ. “ಗೀಸರು ಸರ್ಯಾಗದೆ. ಅವ್ವುನ್ನ ಇವತ್ತೇ ಆಸ್ಪತ್ರೆಗೆ ಕರ್ಕಂಡೋಗಿ ಸುಗರ್ ನೋಡ್ಸು,” ಎಂದು ಮಗನಿಗೆ ಹೇಳಿದೆ.

ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿದ. “ಏನಣ್ಣ, ಸ್ಕ್ರೂನೂ ಬಿಚ್ಚಿಲ್ಲ. ಕೆಲ್ಸ ಬರಲ್ಲ ಅಂದ್ರೆ ಬರಲ್ಲ ಅನ್ನು. ಡಾಕ್ಟ್ರಾಟ ಯಾಕೆ ಆಡ್ತೀಯ?”

ಕೆಲಸ ಬರಲ್ಲ ಎಂದು ನನಗೆ ಯಾರೂ ಹೇಳಿರಲಿಲ್ಲ. ಬೇರೆ ದಿನವಾಗಿದ್ದರೆ ಅವನ ಜುಟ್ಟು ಹಿಡಿಯುತ್ತಿದ್ದೆ. ಕೈಯಲ್ಲಿದ್ದ ಚೀಲವನ್ನು ನೆಲಕ್ಕಿಟ್ಟೆ.

“ಬರಲ್ಲ ಅಂತಲೇ ಅನ್ಕೊ. ನನ್ನ ಎಂಡ್ತಿ ಕಾಲು, ಜನ ಅನ್ನಂಗೆ ಗಂಜಿ ಬಿದ್ದು ಸುಟ್ಟಿದ್ದಲ್ಲ. ನೀರು ಬಿಸಿ ಇಲ್ಲ, ಬಿಸಿ ಇಲ್ಲ ಅಂತ ಇಂಗೇ ಅಂತಿದ್ಲು. ನಾನು ಕಟ್‌ಔಟಿಗೆ ವೈರು ಸುತ್ತಿ, ಕುದಿಯೋ ನೀರು ಬುಟ್ಟೆ. ಅವಳಿಗೆ ಗೊತ್ತಾಗ್ಲಿಲ್ಲ. ನಿಮ್ಮವ್ವಂಗೂ ಗೊತ್ತಾಗಲ್ಲ.”

ಮುದುಕಿ ಕಣ್ಣು ಬಿಟ್ಟು ನನ್ನನ್ನೇ ನೋಡುತ್ತಿದ್ದರು. ಅವರ ಮಡಿಲಿನಿಂದ ಒಂದೆರಡು ಅವರೆಕಾಯಿ ಕೆಳಗೆ ಉರುಳಿದವು. ಮಗ ಒಳಗೆ ಹೋಗಿ ಗಾಡಿಯ ಕೀ ತಂದ.

“ನೀರು ಉಯ್ಕೊಳ್ದೆ ಎಂಗ್ಲಾ ಬರಾದು ಆಸ್ಪತ್ರೆಗೆ?” ಎಂದರು ಅವ್ವ.

“ಬಾರವ್ವ ನೀನು,” ಎಂದು ಅವನು ಅವರ ಚಪ್ಪಲಿ ತಂದು ಕಾಲಿಗೆ ಹಾಕಿದ. ಹಾಕಿದ ಮೇಲೆ ಸರಿಯಾಗಿ ಕೂತಿದೆಯೇ ಎಂದು ಬೆರಳಿಂದ ಮುಟ್ಟಿ ನೋಡಿದ.

ನಾನಾಡಿದ ಮಾತು ಎರಡೇ ದಿನದಲ್ಲಿ ನಮ್ಮೂರಿಗೂ ಬಂತು. ಈಗ ಯಾರೂ ನನ್ನ ಮುಂದೆ ಗಂಜಿ ಎನ್ನುವುದಿಲ್ಲ. ಗೀಸರಿಗೆಂದು ಕರೆಯುವವರು ಕಡಿಮೆಯಾಗಿದ್ದಾರೆ. ಅವಳು ಹೇಳಿದಂತೆಯೇ ಆಯಿತು.

ಹೊಸ ಥರ್ಮೋಸ್ಟ್ಯಾಟು, ಹೊಸ ಕಟ್‌ಔಟ್ ಹಾಕಿದ ಗೀಸರು ಈಗ ಸರಿಯಾಗಿ ಕೆಲಸ ಮಾಡುತ್ತದೆ. ನೀರನ್ನು ನಾನೇ ತೋಡಿ ಹದ ಮಾಡಿಕೊಳ್ಳುತ್ತೇನೆ. ಹದ ಇನ್ನೂ ಕೈಗೆ ಬಂದಿಲ್ಲ. ಮೊದಲ ಚೊಂಬನ್ನು ಪಾದಕ್ಕೆ ಹಾಕಿಕೊಳ್ಳುತ್ತೇನೆ. ಬಿಸಿ ತಾಗುತ್ತದೆ. ಆಮೇಲೆ ಮೈಗೆ ಹಾಕಿಕೊಳ್ಳುತ್ತೇನೆ.